ಸೋಲಲು ಕೂತ ಬೆಳ್ಯಪ್ಪ

ಪರಮೇಶ್ವರ ಮಾಸ್ಟರು ಶನಿವಾರ ಸುಳ್ಯದ ಒಂದು ಮದುವೆಯಲ್ಲಿ ಮೂರು ಕಪ್ ಐಸ್‌ಕ್ರೀಮ್ ತಿಂದದ್ದೇ ಎಲ್ಲದಕ್ಕೂ ಮೂಲ. ಒಂದು ಕಪ್ಪಿಗೆ ಎದ್ದಿದ್ದರೆ ಅವರ ಗಂಟಲು ಉಳಿಯುತ್ತಿತ್ತು. ಗಂಟಲು ಉಳಿದಿದ್ದರೆ ಭಾನುವಾರ ಪುತ್ತೂರಿನಲ್ಲಿ ಟಿವಿಯವರು ಇಟ್ಟುಕೊಂಡ ಚರ್ಚೆಯಲ್ಲಿ ಅವರೇ ಮಾತಾಡುತ್ತಿದ್ದರು. ಅವರೇ ಮಾತಾಡಿದ್ದರೆ ಬೆಳ್ಯಪ್ಪ ಮನೆಯಲ್ಲಿ ಕೋಳಿಸಾರು ಉಂಡು ಅಡ್ಡಾಗಿರುತ್ತಿದ್ದ, ಈ ಕತೆಯೂ ಇರುತ್ತಿರಲಿಲ್ಲ. ಆದರೆ ಮದುವೆ ಮನೆಯ ಐಸ್‌ಕ್ರೀಮಿನ ಮುಂದೆ ನಿವೃತ್ತ ಹೆಡ್‌ಮಾಸ್ಟರೂ ಒಂದೇ, ಒಂದನೇ ಕ್ಲಾಸಿನ ಮಗುವೂ ಒಂದೇ. ಭಾನುವಾರ ಬೆಳಿಗ್ಗೆ ಮಾಸ್ಟರು ಹೆಂಡತಿಯನ್ನು ಕರೆಯಲು ಬಾಯಿ ತೆರೆದರೆ ಸೈಕಲ್ ಪಂಪಿನ ಹಾಗೆ ಬರೀ ಗಾಳಿ ಬಂತು.

ಮಾಸ್ಟರು ಬೆಳ್ಳಾರೆ ಸುತ್ತಿನ ರಬ್ಬರ್ ಬೆಳೆಗಾರರ ಸಂಘದ ಅಧ್ಯಕ್ಷರು. ಆ ವರ್ಷ ಸಂಘದವರ ನಿದ್ದೆ ಕೆಡಿಸಿದ್ದು ಪಂಚಸಾಗರ ಒಪ್ಪಂದವೆಂಬ ಒಂದು ಅಂತರರಾಷ್ಟ್ರೀಯ ಕರಾರು. ಹನ್ನೊಂದು ದೇಶಗಳು ಸೇರಿ ಮಾಡಿಕೊಂಡದ್ದು. ಮಂತ್ರಿಗಳು ಎಲ್ಲೋ ಸಮುದ್ರದ ಆಚೆ ಹೋಗಿ ಸಹಿ ಹಾಕಿ ಬಂದಾಗಿತ್ತು. ದಿಲ್ಲಿಯಲ್ಲಿ ಅಂತಿಮ ಅಂಗೀಕಾರದ ಮುದ್ರೆ ಒತ್ತುವುದೊಂದು ಬಾಕಿ. ಒತ್ತಿದರೆ ಹೊರದೇಶದ ರಬ್ಬರ್ ಸುಂಕವಿಲ್ಲದೆ ಹಡಗಿನಲ್ಲಿ ಬಂದಿಳಿಯುತ್ತದೆ, ಊರಿನ ರಬ್ಬರ್ ಶೀಟನ್ನು ಮೂಸಿ ನೋಡುವವರಿರುವುದಿಲ್ಲ. ಒತ್ತಬೇಕೋ ಬೇಡವೋ ಎಂದು ವಿಚಾರಿಸಲು ಸಂಸದರ ಸಮಿತಿಯೊಂದು ಬುಧವಾರ ದಿಲ್ಲಿಯಲ್ಲಿ ಕೂರಲಿತ್ತು. ಪುತ್ತೂರು, ಸುಳ್ಯ, ಕಡಬದ ಕಡೆಯಿಂದ ಬೇಡ ಎನ್ನುವವರು ಒಬ್ಬರು, ಬೇಕು ಎನ್ನುವವರು ಒಬ್ಬರು ಬಂದು ಮಾತಾಡಬಹುದೆಂದು ಕಾಗದ ಬಂದಿತ್ತು. ಭಾನುವಾರ ಟಿವಿಯಲ್ಲಿ ಚೆನ್ನಾಗಿ ಮಾತಾಡಿದವರೇ ಬುಧವಾರ ದಿಲ್ಲಿಗೆ, ಅದೂ ಮಂಗಳೂರಿನಿಂದ ವಿಮಾನದಲ್ಲಿ, ಎಂದು ಸಂಘ ಠರಾವು ಮಾಡಿತ್ತು.

ಮಾಸ್ಟರು ಕೈಸನ್ನೆ ಮಾಡಿ ಬೆಳ್ಯಪ್ಪನನ್ನು ಕರೆಸಿದರು. ಕರೆಸಲು ಕಾರಣವಿತ್ತು. ಬೆಳ್ಯಪ್ಪ ಇಪ್ಪತ್ತೆರಡು ವರ್ಷದಿಂದ ಊರಿನ ತಾಳಮದ್ದಳೆಯಲ್ಲಿ ಅರ್ಥ ಹೇಳುವವನು. ತಾಳಮದ್ದಳೆಯಲ್ಲಿ ವೇಷವಿಲ್ಲ, ಕುಣಿತವಿಲ್ಲ. ಭಾಗವತರು ಪದ್ಯ ಹಾಡುತ್ತಾರೆ, ಎದುರುಬದುರು ಕೂತ ಇಬ್ಬರು ಪಂಚೆ ಶಾಲಿನಲ್ಲೇ ರಾಜರೂ ದೂತರೂ ಆಗಿ ಗಂಟೆಗಟ್ಟಲೆ ವಾದಿಸುತ್ತಾರೆ. ಅಲ್ಲಿ ಬೆಳ್ಯಪ್ಪ ದೊಡ್ಡ ಹೆಸರೇನಲ್ಲ, ಸ್ಟೆಪ್ನಿ ಇದ್ದ ಹಾಗೆ. ಯಾರು ಬರಲಿಲ್ಲವೋ ಅವರ ಪಾತ್ರ ಅವನದು. ಯುದ್ಧ ಬೇಡ ಎನ್ನುವ ಮುದುಕನನ್ನು ಮನಸ್ಸಿನಲ್ಲೇ ಸಿದ್ಧ ಮಾಡಿಕೊಂಡು ಹೋದರೆ, ಯುದ್ಧವೇ ಬೇಕು ಎನ್ನುವ ತರುಣನ ಜಾಗದಲ್ಲಿ ಕೂರಿಸುತ್ತಿದ್ದರು. ಅವನು ಕೂತುಬಿಡುತ್ತಿದ್ದ. ಇಂಥ ಪಾತ್ರ ಬೇಡವೆಂದು ಒಮ್ಮೆಯೂ ಹೇಳಿದವನಲ್ಲ, ಮತ್ತು ಅದೇ ಅವನ ದೊಡ್ಡ ಹೆಮ್ಮೆ.

ವಿಮಾನದ ಸುದ್ದಿ ಕೇಳಿದ್ದೇ ಬೆಳ್ಯಪ್ಪನ ಮನಸ್ಸು ಹಾರಿತು. ಮದುವೆಯಾದ ಹೊಸತರಲ್ಲಿ ಅವನು ಹೆಂಡತಿ ಕುಮುದಿನಿಗೆ ಒಂದು ಮಾತು ಕೊಟ್ಟಿದ್ದ: “ಒಂದಲ್ಲ ಒಂದು ದಿನ ನಾವಿಬ್ರು ವಿಮಾನದಲ್ಲಿ ಹೋಗುವ.” ಇಪ್ಪತ್ತಾರು ವರ್ಷವಾಯಿತು. ಮನೆಯ ಮೇಲೆ ವಿಮಾನದ ಸದ್ದು ಕೇಳಿದಾಗಲೆಲ್ಲ ಕುಮುದಿನಿ ಒಮ್ಮೆ ತಲೆಯೆತ್ತಿ ನೋಡಿ, ಏನೂ ಹೇಳದೆ ಕೆಲಸಕ್ಕೆ ಬಗ್ಗುತ್ತಿದ್ದಳು. ಅವಳು ಬೈದಿದ್ದರೆ ಬೆಳ್ಯಪ್ಪ ವಾದಿಸಿಯಾದರೂ ಗೆಲ್ಲುತ್ತಿದ್ದ. ಈಗ ತಾನೊಬ್ಬನಾದರೂ ಹೋಗಿಬಂದರೆ ಕೊಟ್ಟ ಮಾತಿನಲ್ಲಿ ಅರ್ಧ ತೀರಿದ ಹಾಗೆ ಎಂದುಕೊಂಡ. ಇದು ಯಾವ ಊರಿನ ನ್ಯಾಯ ಎಂದು ಕೇಳಬೇಡಿ, ಗಂಡಸರಿಗೆ ಇಂಥ ನ್ಯಾಯಗಳು ಬೇಗ ಹೊಳೆಯುತ್ತವೆ.

“ನೀವು ಅಲ್ಲಿ ಹೋಗಿ ಅರ್ಥ ಹೇಳ್ಬೇಡಿ. ನಮ್ಮ ಕಷ್ಟ ಹೇಳಿ ಸಾಕು,” ಎಂದಳು ಕುಮುದಿನಿ, ಅವನ ಅಂಗಿಗೆ ಇಸ್ತ್ರಿ ಹಾಕುತ್ತ. ಬೆಳಗಿನ ಜಾವ ನಾಲ್ಕಕ್ಕೇ ಎದ್ದು, ತಲೆಗೆ ದೀಪ ಕಟ್ಟಿಕೊಂಡು ರಬ್ಬರ್ ಮರಗಳನ್ನೆಲ್ಲ ಕೆತ್ತಿ, ಒಸರಿದ ಹಾಲು ತಂದು ಹೆಪ್ಪುಗಟ್ಟಲು ಹುಳಿ ಹಾಕಿ ಮುಗಿಸಿದ್ದಳು. ಮೊದಲು ಈ ಕೆಲಸಕ್ಕೆ ನೆಲ್ಯಾಡಿ ಕಡೆಯ ಒಬ್ಬ ಬರುತ್ತಿದ್ದ. ಆರು ವರ್ಷದ ಹಿಂದೆ ಅವನು ಬಿಟ್ಟು ಹೋದ ಮೇಲೆ ಕುಮುದಿನಿಯೇ ಹತ್ತು ದಿನದ ತರಬೇತಿಗೆ ಹೋಗಿ ಕತ್ತಿ ಹಿಡಿಯಲು ಕಲಿತಿದ್ದಳು. ತೋಟದ ಮೇಲ್ವಿಚಾರಣೆ ಬೆಳ್ಯಪ್ಪನದು. ಮೇಲ್ವಿಚಾರಣೆ ಬೆಳಿಗ್ಗೆ ಎಂಟರ ನಂತರ ಶುರುವಾಗುತ್ತಿತ್ತು.

“ನಂಗೆ ಗೊತ್ತುಟ್ಟು,” ಎಂದ ಬೆಳ್ಯಪ್ಪ, ಮನೆಯ ಅರೆಭಾಷೆಯಲ್ಲಿ. ಅವನಿಗೆ ಏನೂ ಗೊತ್ತಿರಲಿಲ್ಲ.

ಹನ್ನೆರಡು ಗಂಟೆಗೆ ಸಂಘದ ನೌಷಾದನ ಜೀಪು ಮಾಸ್ಟರನ್ನು ಹತ್ತಿಸಿಕೊಂಡು ಅಂಗಳಕ್ಕೆ ಬಂತು. ಮಾತಾಡಬೇಕಾದ ಅಂಶಗಳನ್ನು ಮಾಸ್ಟರು ಹಳೆಯ ಕ್ಯಾಲೆಂಡರ್ ಹಾಳೆಯ ಹಿಂದೆ ದುಂಡಗೆ ಬರೆದಿದ್ದರು. ಮೊದಲಿಗೆ ನಾಲ್ಕೇ ಇದ್ದವು. ಜೀಪು ಬೆಳ್ಳಾರೆ ಪೇಟೆ ದಾಟುವುದರೊಳಗೆ ಹನ್ನೊಂದಾದವು. ಪಕ್ಕದ ಮನೆಯ ಝೈನಬ ಬೇಲಿ ಹತ್ತಿರ ಓಡಿಬಂದು, “ನಮ್ಮ ರಸ್ತೆಯ ಹೊಂಡದ ವಿಷಯ ಕೂಡ ಹೇಳಿ ಆಯ್ತಾ?” ಎಂದಳು.

“ಅಲ್ಲಮ್ಮ, ಇದು ಹನ್ನೊಂದು ದೇಶದ ಒಪ್ಪಂದ,” ಎಂದ ಬೆಳ್ಯಪ್ಪ.

“ಹನ್ನೊಂದು ದೇಶದವರು ಸೇರಿದ್ರೂ ಒಂದು ಹೊಂಡ ಮುಚ್ಚಲಿಕ್ಕೆ ಆಗುದಿಲ್ವಾ?” ಅವಳ ಮಾತಿನಲ್ಲಿ ನ್ಯಾಯವಿತ್ತು; ಹೊಂಡವೂ ಪಟ್ಟಿಗೆ ಬಿತ್ತು.

ಜೀಪು ಬಿಡುತ್ತ ನೌಷಾದ್ ತನ್ನದೂ ಒಂದು ಸೇರಿಸಿದ. “ಮಂಗಗಳದ್ದು ಹೇಳ್ಬೇಕು ಬೆಳ್ಯಪ್ಪಣ್ಣ. ಒಪ್ಪಂದ ಮಾಡುದಾದ್ರೆ ಮೊದಲು ಮಂಗಗಳ ಹತ್ರ ಮಾಡ್ಲಿ. ನನ್ನ ಮನೇಲಿ ಒಂದು ಎಳನೀರು ಬಿಟ್ಟಿಲ್ಲ.” ಹನ್ನೊಂದನೆಯ ಅಂಶವನ್ನು ಅವನೇ ಮಾಸ್ಟರ ಕೈಯಿಂದ ಪೆನ್ನು ಕಿತ್ತುಕೊಂಡು, ಜೀಪು ನಿಲ್ಲಿಸಿ, ಹಾಳೆಯಲ್ಲಿ ಉಳಿದಿದ್ದ ಜಾಗದ ತುಂಬ ದಪ್ಪಗೆ ಬರೆದ.

ಪುತ್ತೂರಿನ ಸಭಾಭವನದಲ್ಲಿ ‘ಸಿಡಿಲು ಟಿವಿ’ಯವರು ಎರಡು ಕುರ್ಚಿ ಹಾಕಿದ್ದರು. ಹಸಿರು ಬಟ್ಟೆಯ ಕುರ್ಚಿಯ ಹಿಂದೆ ‘ಬೇಡ’, ಕೆಂಪು ಬಟ್ಟೆಯದರ ಹಿಂದೆ ‘ಬೇಕು’. ನಡುವೆ ದೊಡ್ಡ ಪರದೆ. ನೋಡುವವರು ಫೋನಿನಲ್ಲಿ ಒತ್ತಿದ ಮತಗಳು ಅದರಲ್ಲಿ ಕಾಣುತ್ತವಂತೆ. ಸಭಿಕರ ಸಾಲಿನಲ್ಲಿ ಮಾಸ್ಟರು ಕೊರಳಿಗೆ ಮಫ್ಲರ್ ಸುತ್ತಿಕೊಂಡು ಮುಂದೆಯೇ ಕೂತರು. ನಿರೂಪಕಿ ಪ್ರಣೀತಾ ಬೆಂಗಳೂರಿನಿಂದ ಬಂದವಳು. ಅವಳು ಮೈಕು ಹಿಡಿದು ಅತ್ತಿಂದಿತ್ತ ಓಡುತ್ತಿದ್ದ ರೀತಿ ನೋಡಿದರೆ ಎಲ್ಲೋ ಎಡವಟ್ಟಾಗಿದೆ ಎಂದು ಯಾರಿಗಾದರೂ ತಿಳಿಯುತ್ತಿತ್ತು.

“ಸರ್, ಒಪ್ಪಂದದ ಪರ ಮಾತಾಡಬೇಕಾದ ವಕ್ತಾರರು ವಿಷ್ಣುಪ್ರಸಾದ್ ಇನ್ನೂ ಬಂದಿಲ್ಲ. ನೆಲ್ಯಾಡಿ ಹತ್ತಿರ ಲಾರಿ ಅಡ್ಡ ನಿಂತು ರಸ್ತೆ ಬ್ಲಾಕ್ ಆಗಿದೆಯಂತೆ. ಐದು ನಿಮಿಷದಲ್ಲಿ ಲೈವ್. ಒಂದು ಕುರ್ಚಿ ಖಾಲಿ ಇಟ್ಟುಕೊಂಡು ನಾನು ಚರ್ಚೆ ಹೇಗೆ ಮಾಡಲಿ?” ಎಂದು ಅಳುವ ಹಾಗೆ ಕೇಳಿದಳು.

ಬೆಳ್ಯಪ್ಪನಿಗೆ ಹುಡುಗಿಯ ಮೇಲೆ ಕನಿಕರ ಹುಟ್ಟಿತು. ಈ ಸಂಕಟ ಅವನಿಗೆ ಹೊಸದಲ್ಲ. ಇಪ್ಪತ್ತೆರಡು ವರ್ಷದಲ್ಲಿ ಇಂಥ ಎಷ್ಟೋ ಸಂಘಟಕರ ಕಣ್ಣೀರನ್ನು ಒರೆಸಿದವನು ಅವನು. “ಅಷ್ಟಕ್ಕೆಲ್ಲ ಹೆದರುದು ಯಾಕೆ? ಅವರು ಬರುವವರೆಗೆ ಆ ಪಾತ್ರ ನಾನು ಮಾಡ್ತೇನೆ,” ಎಂದ.

“ಅಂದರೆ ನೀವು ಒಪ್ಪಂದದ ಪರವಾ ಸರ್?”

“ನಾನು ಯಾವುದರ ಪರವೂ ಹೌದು. ಕೂತ ಜಾಗದ ಪರ.”

ಮಾಸ್ಟರು ಎದ್ದು ನಿಂತು ಎರಡೂ ಕೈ ಬೀಸಿದರು. ಬಾಯಿಯಿಂದ ಗಾಳಿ ಹೊರಟಿತು. ಬೆಳ್ಯಪ್ಪ ಅವರ ತೋಳು ಹಿಡಿದು ಹಸಿರು ಕುರ್ಚಿಯ ಹತ್ತಿರ ನಡೆಸಿದ. “ಮಾಸ್ಟ್ರೇ, ನೀವು ಇಲ್ಲಿ ಕೂತ್ಕೊಳ್ಳಿ. ಮಾತಾಡುದು ಬೇಡ, ಹೂಂ ಅಂದ್ರೆ ಸಾಕು. ನಾನು ಆ ಕಡೆಯಿಂದ ಏನು ಹೇಳಿದ್ರೂ ಕಡೆಗೆ ಗೆಲ್ಲುದು ನಾವೇ ಅಲ್ವಾ?”

ಇದೇ ಅವನ ತಪ್ಪು, ಮತ್ತು ಇಂಥ ತಪ್ಪು ತಾಳಮದ್ದಳೆಯ ಚಾಪೆಯಲ್ಲಿ ಬೆಳೆದವನಿಗೆ ಮಾತ್ರ ಬರುವಂಥದ್ದು. ಅಲ್ಲಿ ಸೋಲು ಗೆಲುವು ಮೊದಲೇ ಬರೆದಾಗಿರುತ್ತದೆ. ಖಳನಾದವನು ಎಷ್ಟು ಚೆಂದ ವಾದಿಸಿದರೂ ಜನ ತಲೆದೂಗುತ್ತಾರೆ. ಆಮೇಲೆ ಭಾಗವತರು ತಾಳ ಕುಟ್ಟಿ ಮುಂದಿನ ಪದ್ಯ ಎತ್ತಿದರೆ ಅವನು ಮರ್ಯಾದೆಯಿಂದ ಸೋತು ಶಾಲು ಕೊಡವಿ ಏಳುತ್ತಾನೆ. ಖಳನಿಗೆ ಹೆಚ್ಚು ಚಪ್ಪಾಳೆ ಬಿದ್ದರೆ ಅದು ಕಲೆಗೆ ಸಂದ ಗೌರವ, ಕತೆಗೆ ಏನೂ ಆಗುವುದಿಲ್ಲ. ಸಿಡಿಲು ಟಿವಿಯಲ್ಲಿ ಭಾಗವತರಿಲ್ಲ ಎಂಬುದು ಬೆಳ್ಯಪ್ಪನ ತಲೆಗೆ ಹೋಗಲೇ ಇಲ್ಲ. ಕೆಂಪು ಕುರ್ಚಿಯಲ್ಲಿ ಕಾಲು ಮಡಚಿ ಕೂತ. ಅಂಶಗಳ ಹಾಳೆಯನ್ನು ಮಾಸ್ಟರ ಕೈಗೆ ಕೊಟ್ಟ. ಫೋನು ಬಂದ್ ಮಾಡಿ ಜೇಬಿಗೆ ಹಾಕಿದ. ಕ್ಯಾಮೆರಾದ ಮೇಲೆ ಕೆಂಪು ದೀಪ ಹತ್ತಿತು.

“ಪಂಚಸಾಗರ ಒಪ್ಪಂದ ನಮಗೆ ಬೇಕೇ?” ಎಂದು ಪ್ರಣೀತಾ ಕೇಳಿದಳು.

ಬೆಳ್ಯಪ್ಪ ಗಂಟಲು ಸರಿಮಾಡಿಕೊಂಡ. ಮನೆಯಲ್ಲಿ ಉಪ್ಪು ಕೇಳುವಾಗಲೂ ತೊದಲುವ ಅವನ ಬಾಯಿಯಿಂದ ಬಂದ ಕನ್ನಡ ಕೇಳಿ ಕ್ಯಾಮೆರಾದವನೇ ಅದರಿಂದ ಕಣ್ಣು ತೆಗೆದು ನೋಡಿದ.

“ಮಿತ್ರರೇ, ಬಾಗಿಲು ಹಾಕಿಕೊಂಡ ಮನೆಗೆ ಕಳ್ಳ ಬರುವುದಿಲ್ಲವೆಂದು ಹಿಗ್ಗುತ್ತೀರಿ. ನೆಂಟನೂ ಬರುವುದಿಲ್ಲವೆಂಬುದನ್ನು ಮರೆತಿರಿ! ವಿದೇಶದ ರಬ್ಬರ್ ಬೇಡ ಎನ್ನುವಿರಾ? ರಬ್ಬರ್ ಮರವೇ ವಿದೇಶದ್ದು. ಗೇರುಬೀಜ ಎಲ್ಲಿಯದು? ಅನಾನಸು ಎಲ್ಲಿಯದು? ತಮ್ಮ ಮನೆಯ ಸಾರಿಗೆ ಬಣ್ಣ ಕೊಡುವ ಒಣಮೆಣಸು ಯಾವ ಸಮುದ್ರ ದಾಟಿ ಬಂತು? ಅವೆಲ್ಲ ಬರುವಾಗ ಸುಂಕದ ಕಟ್ಟೆಯಲ್ಲಿ ಕೋಲು ಹಿಡಿದು ಯಾರೂ ಇರಲಿಲ್ಲ. ಇದ್ದಿದ್ದರೆ ಇಂದು ತಮಗೆ ಊಟಕ್ಕೆ ಬರೀ ಗಂಜಿ!”

ಸಭೆ ದಂಗಾಯಿತು. ಸಂಘದವರೇ ಮೊದಲು ಚಪ್ಪಾಳೆ ತಟ್ಟಿದರು, ಅಭ್ಯಾಸಬಲ. ಪರದೆಯಲ್ಲಿ ‘ಬೇಕು’ ಎನ್ನುವ ಕೆಂಪು ಗೆರೆ ನಲವತ್ತರಿಂದ ಐವತ್ತೈದಕ್ಕೆ ಏರಿತು.

ಬೆಳ್ಯಪ್ಪನಿಗೆ ಖುಷಿಯಾಯಿತು. ಆದರೆ ಒಳ್ಳೆಯ ಅರ್ಥಧಾರಿ ಎದುರಿನವನಿಗೂ ಹಿಡಿಯಲು ಒಂದು ಎಳೆ ಬಿಡಬೇಕು. ಅವನು ಬಿಟ್ಟ. “ದರ ಬಿದ್ದರೆ ಸಣ್ಣ ಬೆಳೆಗಾರನ ಗತಿಯೇನು ಎಂದು ತಾವು ಕೇಳಬಹುದು...” ಎಂದು ನಿಲ್ಲಿಸಿ ಮಾಸ್ಟರ ಮುಖ ನೋಡಿದ.

ಮಾಸ್ಟರು ಬಾಯಿ ತೆರೆದರು. ಫುಸ್ ಎಂದಿತು. “ಉತ್ತರ ಇಲ್ಲವೇ ಸರ್?” ಎಂದಳು ಪ್ರಣೀತಾ. ಪರದೆಯ ಕೆಳಗೆ ‘ಬೆಳೆಗಾರರ ಅಧ್ಯಕ್ಷ ನಿರುತ್ತರ!’ ಎಂಬ ಸಾಲು ಓಡತೊಡಗಿತು. ಕೆಂಪು ಗೆರೆ ಅರವತ್ತು ಮುಟ್ಟಿತು.

ಆಗ ಬೆಳ್ಯಪ್ಪನಿಗೆ ಮೊದಲ ಬಾರಿಗೆ ಸಣ್ಣ ಅನುಮಾನ ಬಂತು. ಇನ್ನೊಂದು ಎಳೆ ಬಿಟ್ಟ, ಮತ್ತೊಂದು ಬಿಟ್ಟ. ಎದುರಿನ ಕುರ್ಚಿಯಲ್ಲಿ ಮಾಸ್ಟರು ಬೆವರುತ್ತಿದ್ದರು, ಗುದ್ದುವವರ ಹಾಗೆ ಮುಷ್ಟಿ ತೋರಿಸುತ್ತಿದ್ದರು. ಎಳೆ ಹಿಡಿಯುವವರಿಲ್ಲದೆ ನೇತಾಡಿದರೆ ಸಭೆಯಲ್ಲಿ ಮೌನ ಬೀಳುತ್ತದೆ. ಮೌನ ಬಿದ್ದರೆ ಅರ್ಥಧಾರಿಗೆ ಅವಮಾನ. ಹಾಗಾಗಿ ಬಿಟ್ಟ ಎಳೆಯನ್ನು ಬೆಳ್ಯಪ್ಪ ತಾನೇ ಹಿಡಿದು ತಾನೇ ಕತ್ತರಿಸಬೇಕಾಯಿತು. ಕತ್ತರಿಸಿದಷ್ಟೂ ಗೆರೆ ಮೇಲೇರಿತು. ಮನಸ್ಸು ‘ಸೋಲು, ಸೋಲು’ ಎನ್ನುತ್ತಿತ್ತು, ನಾಲಿಗೆ ಗೆಲ್ಲುತ್ತ ಹೋಯಿತು.

ಮಾಸ್ಟರು ಕಡೆಯ ಉಪಾಯವಾಗಿ ಅಂಶಗಳ ಹಾಳೆಯನ್ನು ಕ್ಯಾಮೆರಾದ ಮುಂದೆ ಹಿಡಿದರು. ಅವರ ದುಂಡು ಅಕ್ಷರದ ಹತ್ತು ಅಂಶಗಳು ಯಾರಿಗೂ ಕಾಣಲಿಲ್ಲ. ರಾಜ್ಯದ ಜನರಿಗೆಲ್ಲ ಕಂಡದ್ದು ನೌಷಾದ್ ದಪ್ಪಗೆ ಬರೆದ ಹನ್ನೊಂದನೆಯದು: ‘ಮೊದಲು ಮಂಗಗಳ ಜೊತೆ ಒಪ್ಪಂದ ಆಗಲಿ.’

“ಅಧ್ಯಕ್ಷರು ಯಾರನ್ನು ಮಂಗ ಅಂತಿದ್ದಾರೆ? ವಿದೇಶಿ ಪ್ರತಿನಿಧಿಗಳನ್ನೇ?” ಎಂದು ಪ್ರಣೀತಾ ಬಿರುಸಾಗಿ ಕೇಳಿದಳು. ನೌಷಾದ್ ಸಭೆಯಿಂದ ಎದ್ದು, “ಅಲ್ಲ ಮೇಡಂ, ಅದು ನಮ್ಮ ಮನೆ ಮಂಗಗಳು!” ಎಂದು ಕೂಗಿದ. ಕೆಂಪು ಗೆರೆ ಎಪ್ಪತ್ತೆರಡಾಯಿತು.

ಪ್ರೇಕ್ಷಕರ ಕರೆಗಳು ಶುರುವಾದವು. ಕಲ್ಲುಗುಂಡಿಯಿಂದ ಒಬ್ಬರು, “ನಾನೂ ರಬ್ಬರ್ ಹಾಕಿದವನೇ. ಆದ್ರೆ ಕೆಂಪು ಕುರ್ಚಿಯವರ ಮಾತು ಕೇಳಿ ನನ್ನ ಅಭಿಪ್ರಾಯ ಬದಲಾಯ್ತು. ಮುದ್ರೆ ಒತ್ತಲಿ ಮಾರಾಯ್ರೆ,” ಎಂದರು. ಬೆಳ್ಯಪ್ಪ ಹಣೆ ಒರೆಸಿಕೊಂಡ. ಅತ್ತ ದರಿ ಇತ್ತ ಪುಲಿ ಎನ್ನುವುದು ಇದಕ್ಕೇ ಇರಬೇಕು. ಬಾಗಿಲ ಹತ್ತಿರ ಬಿಳಿ ಅಂಗಿಯ ಒಬ್ಬರು ಎದೆಯ ಮೇಲೆ ಕೈಕಟ್ಟಿಕೊಂಡು ನಗುತ್ತ ನಿಂತಿದ್ದರು. ಅವರೇ ವಕ್ತಾರ ವಿಷ್ಣುಪ್ರಸಾದ್. ಬಂದು ಹತ್ತು ನಿಮಿಷವಾಗಿದ್ದರೂ ಅವರಿಗೆ ವೇದಿಕೆ ಹತ್ತುವ ಅವಸರ ಕಾಣಲಿಲ್ಲ. ಬೇರೆಯವನು ತನ್ನ ಹೊಲ ಉಳುತ್ತಿದ್ದರೆ ಯಾರು ತಾನೇ ಹೋಗಿ ನೊಗ ಕಸಿದುಕೊಳ್ಳುತ್ತಾರೆ?

“ಕಡೆಯ ಕರೆ, ಬೆಳ್ಳಾರೆಯಿಂದ. ಹಲೋ, ನಿಮ್ಮ ಪ್ರಶ್ನೆ?”

“ಕೆಂಪು ಕುರ್ಚಿಯಲ್ಲಿ ಕೂತವರಿಗೆ ಕೇಳ್ಬೇಕಿತ್ತು,” ಎಂದಿತು ಒಂದು ಹೆಂಗಸಿನ ಧ್ವನಿ. ಬೆಳ್ಯಪ್ಪನ ಮಡಚಿದ ಕಾಲು ತಾನಾಗಿ ಕೆಳಗಿಳಿಯಿತು. ಆ ಧ್ವನಿಯನ್ನು ಅವನು ನಿದ್ದೆಯಲ್ಲೂ ಗುರುತಿಸಬಲ್ಲ.

“ರಬ್ಬರ್ ಮರ ಕೆತ್ತುದು ಎಷ್ಟು ಗಂಟೆಗೆ?” ಎಂದು ಕೇಳಿದಳು ಕುಮುದಿನಿ.

“ಬೆಳಿಗ್ಗೆ... ಬೇಗ,” ಎಂದ ಬೆಳ್ಯಪ್ಪ.

“ನಿಮ್ಮ ತೋಟದಲ್ಲಿ ಕೆತ್ತುವ ಮರ ಎಷ್ಟುಂಟು?”

“ಸುಮಾರು... ಒಂದು ನೂರೈವತ್ತು?”

“ಇನ್ನೂರ ಹದಿನಾರು. ಒಂದು ಸಿಡಿಲು ಬಡಿದು ಹೋಗಿದೆ, ಅದನ್ನು ಬಿಟ್ಟು. ನೋಡಿ, ನಿಮ್ಮ ಮಾತು ಭಾರೀ ಚೆಂದ ಉಂಟು. ನಾನು ಕೂಡ ಅರ್ಧ ಗಂಟೆ ಕೆಲಸ ಬಿಟ್ಟು ಕೇಳಿದೆ. ಆದ್ರೆ ನಾಳೆ ದರ ಬಿದ್ರೆ ನಿಮ್ಮ ಮಾತಿನ ದರ ಬೀಳುದಿಲ್ಲ, ನಾಲ್ಕು ಗಂಟೆಗೆ ಏಳುವವರ ನಿದ್ದೆಯ ದರ ಬೀಳುದು. ಮನೆಯ ಹಿಂದೆ ಎಷ್ಟು ಮರ ಉಂಟು ಅಂತ ಗೊತ್ತಿಲ್ಲದವರು ಹನ್ನೊಂದು ದೇಶದ ವ್ಯಾಪಾರ ವಿವರಿಸ್ತಾ ಇದ್ದೀರಿ. ದಿಲ್ಲಿಯಲ್ಲಿ ಮುದ್ರೆ ಒತ್ತಲಿಕ್ಕೆ ಕೂತವರೂ ಹೀಗೇ ಇರ್ಬಹುದು ಅಂತ ನಂಗೆ ಈಗ ಹೆದರಿಕೆ ಆಗುದು.”

ಎಲ್ಲರೂ ಬೆಳ್ಯಪ್ಪನನ್ನು ನೋಡಿದರು. ಅವನಿಗೆ ನಾಲ್ಕು ಉತ್ತರ ಹೊಳೆದವು. ಅರ್ಥಧಾರಿಗೆ ಹೊಳೆಯದೆ ಇರುತ್ತದೆಯೇ? ಆದರೆ ಕತ್ತಲಲ್ಲಿ ಮರದಿಂದ ಮರಕ್ಕೆ ಹೋಗುವ ಒಂದು ಸಣ್ಣ ದೀಪ ಕಣ್ಣಿಗೆ ಕಟ್ಟಿತು. ಆರು ವರ್ಷದಲ್ಲಿ ಒಂದು ದಿನವಾದರೂ ಅದರ ಹಿಂದೆ ಹೋಗಿ ಬಕೆಟ್ ಹಿಡಿದಿರಲಿಲ್ಲವಲ್ಲ ಎಂದು ಅವನಿಗೆ ನಿಜವಾಗಿ ನಾಚಿಕೆಯಾಯಿತು.

“ನನ್ನ ಹತ್ರ ಉತ್ತರ ಇಲ್ಲ,” ಎಂದ. ಅವನ ಬಾಯಿಂದ ಆ ದಿನ ಬಂದ ಮೊದಲ ಸ್ವಂತ ಮಾತು ಅದು.

“ಮೇಡಂ, ಇವರು ನಿಮಗೆ ಪರಿಚಯವೇ?” ಎಂದಳು ಪ್ರಣೀತಾ.

“ಇಪ್ಪತ್ತಾರು ವರ್ಷದಿಂದ. ಬರುವಾಗ ಹಸುವಿನ ಹಿಂಡಿ ತರ್ಲಿಕ್ಕೆ ಮರೀಬೇಡಿ ಅಂತ ಹೇಳಿ.”

ಸಭೆ ಬಿದ್ದು ಬಿದ್ದು ನಕ್ಕಿತು. ಕೆಂಪು ಗೆರೆ ಗಿರ್ರನೆ ಇಳಿಯಿತು: ಅರವತ್ತು, ಐವತ್ತು, ಮೂವತ್ತೆಂಟು. ಕಾರ್ಯಕ್ರಮ ಮುಗಿಯುವಾಗ ‘ಬೇಡ’ ಗೆದ್ದಿತ್ತು. ಬೆಳ್ಯಪ್ಪ ಶಾಲು ಕೊಡವಿ ಎದ್ದ. ಸೋಲಿಸಲು ಕಡೆಗೂ ಒಬ್ಬರು ಬಂದರಲ್ಲ ಎಂದು ಅವನಿಗೆ ಹೋದ ಜೀವ ಬಂದಿತ್ತು.

ಆ ನೆಮ್ಮದಿ ಐದು ನಿಮಿಷ ಉಳಿಯಿತು. ಸಂಘದವರು ಹೊರಗೆ ಜೀಪಿನ ಹತ್ತಿರ ಗುಂಪಾಗಿ ನಿಂತು ಗುಸುಗುಸು ಮುಗಿಸಿದ್ದರು. ಮಾಸ್ಟರು ಕ್ಯಾಲೆಂಡರ್ ಹಾಳೆಯ ಅಂಚಿನಲ್ಲಿ ಒಂದು ಸಾಲು ಬರೆದು ಬೆಳ್ಯಪ್ಪನ ಮೂಗಿನ ಕೆಳಗೆ ಹಿಡಿದರು: ‘ದಿಲ್ಲಿಗೆ ಕುಮುದಿನಿ.’

ನ್ಯಾಯವಾದ ತೀರ್ಮಾನ ಎಂದು ಬೆಳ್ಯಪ್ಪನಿಗೇ ಅನಿಸಿತು. ಆದರೂ ಅವಳನ್ನು ವಿಮಾನದಲ್ಲಿ ಕೂರಿಸುತ್ತೇನೆ ಎಂದವನು ಅವನು, ಕೂರಿಸುತ್ತಿರುವುದು ಸಂಘ. ಇಬ್ಬರೂ ಒಟ್ಟಿಗೆ ಎಂದು ಹೇಳಿದ್ದ. ಈಗ ಅವಳು ಒಬ್ಬಳೇ ಮೇಲೆ ಹೋಗುತ್ತಾಳೆ, ಅವನು ಅಂಗಳದಲ್ಲಿ ನಿಂತು ತಲೆಯೆತ್ತಿ ನೋಡಬೇಕು.

ಜೀಪಿನಲ್ಲಿ ಹಸುವಿನ ಹಿಂಡಿಯ ಮೂಟೆಯನ್ನು ಹಿಂದಿನ ಸೀಟಿನಲ್ಲಿ ಅವನ ಮಡಿಲಿಗೇ ಇಟ್ಟರು. ಬೆಳ್ಳಾರೆಯಲ್ಲಿ ಚಾ ಕುಡಿಯಲು ನಿಲ್ಲಿಸಿದಾಗ ಎಲ್ಲರಿಗೂ ಚಾ ಬಂತು, ಅವನಿಗೆ ಬರಲಿಲ್ಲ. “ಹನ್ನೊಂದು ದೇಶದವರು ಕೊಡ್ತಾರೆ, ಕುಡೀಲಿ,” ಎಂದ ನೌಷಾದ್. ಬೆಳ್ಯಪ್ಪ ಪೆಚ್ಚುಮೋರೆ ಹಾಕಿಕೊಂಡು, ಏನಾದರೂ ಮಾಡುವ ನೆಪಕ್ಕೆ ಫೋನು ಆನ್ ಮಾಡಿದ. ಮಾಡಿದ್ದೇ ಅದು ಬಡಿದುಕೊಂಡಿತು. ಗಲಾಟೆಯಲ್ಲಿ ಕೇಳಿಸದೆಂದು ಅವನು ಸ್ಪೀಕರಿಗೆ ಹಾಕಿದ.

“ಬೆಳ್ಯಪ್ಪರೇ, ನಾನು ವಿಷ್ಣುಪ್ರಸಾದ್. ಎಂತ ಮಾತು ಮಾರಾಯ್ರೆ ನಿಮ್ಮದು! ಗೇರುಬೀಜದ ಪಾಯಿಂಟು ನಂಗೆ ಹುಟ್ಟಿದ ಮೇಲೆ ಹೊಳೆದಿಲ್ಲ. ಬುಧವಾರ ದಿಲ್ಲಿಗೆ ನಮ್ಮ ಕಡೆಯಿಂದ ನೀವೇ ಬರ್ಬೇಕು. ವಿಮಾನದ ಟಿಕೇಟು ಹಿಡಿದಾಗಿದೆ. ಕಿಟಕಿ ಬದಿ.”

ಚಾ ಹೀರುವ ಸದ್ದು ನಿಂತಿತು. ಆರು ಜೊತೆ ಕಣ್ಣು ಬೆಳ್ಯಪ್ಪನ ಮೇಲೆ. ಅವನಿಗೆ ಮೋಡ ಕಂಡಿತು, ಮೋಡದ ಪಕ್ಕದಲ್ಲಿ ಕಿಟಕಿ ಕಂಡಿತು, ಕಿಟಕಿಯಲ್ಲಿ ತನ್ನದೇ ಮುಖ ಕಂಡಿತು. ಮರುಕ್ಷಣ ಆ ಮುಖಕ್ಕೆ ಎದುರಾಗಿ, ದಿಲ್ಲಿಯ ದೊಡ್ಡ ಸಭೆಯಲ್ಲಿ, ತನಗಿರುವ ಒಂದೇ ಒಂದು ರೇಷ್ಮೆಯ ಪಟ್ಟೆ ಸೀರೆ ಉಟ್ಟು ನಿಂತ ಕುಮುದಿನಿ ಕಂಡಳು. ಅವಳ ಎದುರು ಇನ್ನೊಮ್ಮೆ ಆ ಕೆಂಪು ಕುರ್ಚಿಯಲ್ಲಿ ಕೂರುವುದೇ? ಇಲ್ಲ, ಅದು ಆಗದ ಮಾತು.

“ಬೇಡ,” ಎಂದ.

“ಅಲ್ಲ, ಪೂರ್ತಿ ಕೇಳಿ. ನಾನು ನಿಮ್ಮ ಮನೆಯಲ್ಲಿ ಕೂಡ...”

“ಮನೆಯ ಮಾತು ಎತ್ಬೇಡಿ!” ಬೆಳ್ಯಪ್ಪ ಗುಡುಗಿದ. “ಇಪ್ಪತ್ತೆರಡು ವರ್ಷ ಕೊಟ್ಟ ಪಾತ್ರ ಎಲ್ಲ ಮಾಡಿದವ ನಾನು. ಇದೊಂದು ನನ್ನಿಂದ ಆಗುದಿಲ್ಲ. ನನ್ನ ಹೆಂಡತಿಯ ಎದುರು ಮಾತಾಡುವ ವಿಮಾನ ನಂಗೆ ಬೇಡ. ಬೇರೆಯವರನ್ನು ನೋಡಿ!” ಎಂದು ಫೋನು ಕಟ್ ಮಾಡಿದ.

ಜೀಪಿನ ಸುತ್ತ ಹೋ ಎಂದು ಕೂಗೆದ್ದಿತು. ನೌಷಾದ್ ಓಡಿಹೋಗಿ ಚಾ ತಂದ, ಜೊತೆಗೆ ಎರಡು ಗೋಳಿಬಜೆ. ಮಾಸ್ಟರ ಕಣ್ಣಲ್ಲಿ ನೀರು; ಅವರು ಬೆಳ್ಯಪ್ಪನ ಬೆನ್ನು ತಟ್ಟಿ ಏನೋ ಹೇಳಿದರು, ಗಾಳಿ ಬಂತು. ಹಿಂಡಿ ಮೂಟೆ ಅವನ ಮಡಿಲಿನಿಂದ ಇನ್ನೊಬ್ಬರ ಮಡಿಲಿಗೆ ಹೋಯಿತು. ಮುಂದಿನ ಸೀಟಿನಲ್ಲಿ ಕೂತು ಮನೆ ಸೇರುವವರೆಗೆ ಬೆಳ್ಯಪ್ಪನ ಉಬ್ಬಿದ ಎದೆ ಇಳಿಯಲಿಲ್ಲ. ಇದನ್ನು ಕುಮುದಿನಿಗೆ ಹೇಗೆ ಹೇಳಬೇಕೆಂದು ನಾಲ್ಕು ರೀತಿಯಲ್ಲಿ ಮನಸ್ಸಿನಲ್ಲೇ ಹೇಳಿ ನೋಡಿಕೊಂಡ.

ಮನೆಗೆ ಬಂದಾಗ ಇನ್ನೂ ಬೆಳಕಿತ್ತು. ಕುಮುದಿನಿ ಜಗಲಿಯಲ್ಲಿ ಹಳೆಯ ಸೂಟ್‌ಕೇಸು ತೆರೆದಿಟ್ಟುಕೊಂಡು ಕೂತಿದ್ದಳು. ಅದರಲ್ಲಿ ಒಂದು ಬದಿಗೆ ಅವಳ ಪಟ್ಟೆ ಸೀರೆ, ಇನ್ನೊಂದು ಬದಿಗೆ ಅವನ ಬಿಳಿ ಅಂಗಿ, ಪಂಚೆ. ಅವಳ ಮುಖ ಇಷ್ಟು ಹೊಳೆದದ್ದನ್ನು ಅವನು ನೋಡಿ ಬಹಳ ಕಾಲವಾಗಿತ್ತು.

“ನನ್ನ ಅಂಗಿ ಯಾಕೆ?” ಎಂದ ಬೆಳ್ಯಪ್ಪ.

“ಮತ್ತೆ ಎಂತ ಹಾಕ್ಕೊಂಡು ಬರ್ತೀರಿ ದಿಲ್ಲಿಗೆ? ನಾನು ಹೋಗುದು ಅಂತ ಸಂಘದವರು ಪುತ್ತೂರಿನಿಂದಲೇ ಫೋನ್ ಮಾಡಿ ಹೇಳಿದ್ರು. ನಿಮ್ಮ ಫೋನು ತಾಗಲಿಲ್ಲ ಅಂತ ಆ ವಿಷ್ಣುಪ್ರಸಾದರು ನಂಗೇ ಮಾಡಿದ್ರು. ಟಿವಿಯವರ ಹತ್ರ ನನ್ನ ನಂಬರ್ ಇತ್ತಲ್ಲ. ಬರ್ತಾರೆ ಅಂತ ಹೇಳಿದೆ. ನಮ್ಮಿಬ್ರದ್ದು ಪಕ್ಕ ಪಕ್ಕ ಸೀಟು ಆಗ್ಬೇಕು ಅಂತ ಕೂಡ ಹೇಳಿದೆ. ಸಂಘದ ಟಿಕೇಟು ಆದದ್ದೇ ಅವರೇ ಕೇಳಿ ಮಾಡಿಸ್ತಾರಂತೆ. ಒಳ್ಳೆ ಜನ ಪಾಪ.”

ಬೆಳ್ಯಪ್ಪ ಜಗಲಿಯ ಕಂಬ ಹಿಡಿದುಕೊಂಡ. “ಆದ್ರೆ ಕುಮುದಿನಿ, ಅದು ಎದುರು ಪಾರ್ಟಿ! ನಾನು ಅಲ್ಲಿ ಒಪ್ಪಂದ ಬೇಕು ಅಂತ ಮಾತಾಡ್ಬೇಕು, ನಿನ್ನ ಎದುರು!”

“ಮಾತಾಡಿ. ಚೆಂದ ಮಾತಾಡಿ. ನಾನು ಆಮೇಲೆ ಒಂದು ಪ್ರಶ್ನೆ ಕೇಳ್ತೇನೆ, ನೀವು ಇವತ್ತಿನ ಹಾಗೆ ಉತ್ತರ ಇಲ್ಲ ಅನ್ನಿ. ಅವರ ಟಿಕೇಟಿನಲ್ಲಿ ಹೋಗಿ ನಮ್ಮ ಸಂಘಕ್ಕೆ ಸೋತು ಕೊಟ್ರೆ ಯಾರಿಗೆ ಲಾಭ ಹೇಳಿ? ನಿಮ್ಮಷ್ಟು ಚೆಂದ ಸೋಲುವವರು ಅವರಿಗೆ ಬೇರೆ ಎಲ್ಲಿ ಸಿಕ್ತಾರೆ?” ಎಂದು ಕುಮುದಿನಿ ನಕ್ಕಳು. ಆಮೇಲೆ ಸ್ವಲ್ಪ ನಾಚಿಕೊಂಡು, “ಒಟ್ಟಿಗೆ ಹೋಗುವ ಅಂತ ಹೇಳಿದ್ರಲ್ಲ ನೀವು,” ಎಂದಳು.

ದಾರಿಯುದ್ದಕ್ಕೂ ಸಿದ್ಧಪಡಿಸಿದ್ದ ನಾಲ್ಕು ರೀತಿಯಲ್ಲಿ ಒಂದೂ ಬೆಳ್ಯಪ್ಪನ ನೆರವಿಗೆ ಬರಲಿಲ್ಲ. ನಡೆದದ್ದನ್ನು ತಲೆ ತಗ್ಗಿಸಿ ಹೇಳಿದ. ಕುಮುದಿನಿಯ ಮುಖದಲ್ಲಿ ಸಿಟ್ಟು ಬರುತ್ತದೆಂದು ಕಾದ. ಬರಲಿಲ್ಲ, ಬಂದಿದ್ದರೆ ಚೆನ್ನಾಗಿತ್ತು. “ನನ್ನ ಎದುರು ಮಾತಾಡುದಿಲ್ಲ ಅಂತ ಹೇಳಿದ್ರಾ? ಎಲ್ಲರ ಮುಂದೆಯಾ?” ಎಂದು ಮಾತ್ರ ಕೇಳಿದಳು. ಅವನು ಹೂಂ ಎಂದ. ಅವಳು ಸೀರೆಯ ಮಡಿಕೆಯನ್ನು ಸುಮ್ಮನೆ ಒಮ್ಮೆ ಸವರಿದಳು.

“ಈಗ್ಲೇ ಫೋನ್ ಮಾಡಿ. ಬರ್ತೇನೆ ಅಂತ ಹೇಳಿ,” ಎಂದಳು ಆಮೇಲೆ.

ಬೆಳ್ಯಪ್ಪ ನಂಬರು ಒತ್ತಿ ಸ್ಪೀಕರಿಗೆ ಹಾಕಿದ. ವಿಷ್ಣುಪ್ರಸಾದರು ಮೊದಲ ಗಂಟೆಗೇ ಎತ್ತಿದರು.

“ಅಯ್ಯೋ ಬೆಳ್ಯಪ್ಪರೇ, ನೀವು ಕಡ್ಡಿ ಮುರಿದ ಹಾಗೆ ಬೇಡ ಅಂದ್ರಲ್ಲ! ಈಗಷ್ಟೇ ಆ ಸೀಟಿಗೆ ನನ್ನ ಹೆಸರು ಹಾಕಿ ಆಯ್ತು. ಸಂಘದವರು ಮೇಡಮ್ಮಿಗೆ ಪಕ್ಕದ ಸೀಟು ಹಿಡಿದದ್ದೇ ವಿಮಾನ ಫುಲ್. ನಾನೇ ಮಾತಾಡ್ತೇನೆ, ನಿಮ್ಮ ಗೇರುಬೀಜದ ಪಾಯಿಂಟು ಹೇಗೂ ಬರೆದಿಟ್ಟುಕೊಂಡಿದ್ದೇನೆ. ಮೇಡಮ್ಮಿನ ಪ್ರಶ್ನೆಗೆ ಉತ್ತರ ಕೂಡ ತಯಾರಾಯ್ತು. ನೀವು ಚಿಂತೆ ಮಾಡ್ಬೇಡಿ ಆಯ್ತಾ, ಕಿಟಕಿ ಬದಿ ಅವರಿಗೇ ಬಿಟ್ಟುಕೊಡ್ತೇನೆ.”

ಫೋನು ಇಟ್ಟ ಮೇಲೆ ಕುಮುದಿನಿ ಹಿತ್ತಿಲ ಕಡೆ ಹೋಗಿ ಬೇಲಿಯ ಹತ್ತಿರ ನಿಂತು ಕೂಗಿದಳು: “ಝೈನಬಾ, ಬುಧವಾರ ನಮ್ಮ ಮರ ಕೆತ್ತಲಿಕ್ಕೆ ನಿನ್ನ ಗಂಡ ಬರುದು ಬೇಡ ಅಂತ ಹೇಳು. ಇವರು ಇರ್ತಾರೆ.”

ಮತ್ತೆ ಬಂದು ಸೂಟ್‌ಕೇಸಿನ ಮುಂದೆ ಕೂತಳು. ಬೆಳ್ಯಪ್ಪನ ಅಂಗಿಯನ್ನೂ ಪಂಚೆಯನ್ನೂ ಮಡಿಕೆ ಕೆಡದ ಹಾಗೆ ಹೊರಗೆ ತೆಗೆದು ಅವನ ಕೈಗೆ ಕೊಟ್ಟಳು. ಖಾಲಿಯಾದ ಜಾಗದಲ್ಲಿ ಮಾವಿನ ಮಿಡಿ ಉಪ್ಪಿನಕಾಯಿಯ ಭರಣಿ ಇಟ್ಟು ನೋಡಿದಳು. ಅದು ಅಲ್ಲಿ ಸರಿಯಾಗಿ ಹಿಡಿಯಿತು.